ಕಾಲಿಲ್ಲದ ಮಾಮ

ಫರಂಗಿಪೇಟೆಯ ಸುಲೈಮಾನ್ ಹದಿನಾಲ್ಕು ವರ್ಷಗಳಿಂದ ಸೌದಿಯ ದಮಾಮಿನ ಒಂದು ಸಣ್ಣ ದಿನಸಿ ಅಂಗಡಿಯಲ್ಲಿ ನಿಂತೇ ಬದುಕಿದವನು. ಬೆಳಿಗ್ಗೆ ಏಳಕ್ಕೆ ಗಲ್ಲಾಪೆಟ್ಟಿಗೆಯ ಹಿಂದೆ ನಿಂತರೆ, ಕೂರುವುದು ಅಂಗಡಿಯ ಬಾಗಿಲು ಎಳೆದ ಮೇಲೆ. ಆ ದುಡಿಮೆಯಲ್ಲೇ ತಂಗಿಯಂದಿರಿಬ್ಬರ ಮದುವೆ ಮಾಡಿದ, ಹಂಚಿನ ಮನೆಗೆ ತಾರಸಿ ಹಾಕಿಸಿದ. ತನ್ನ ಮದುವೆಯ ಮಾತು ಬಂದಾಗಲೆಲ್ಲ "ಮುಂದಿನ ರಜೆಯಲ್ಲಿ ನೋಡುವ" ಎಂದ. ನೋಡುವ, ನೋಡುವ ಎನ್ನುತ್ತಲೇ ನಲವತ್ತಾಯಿತು. ಹೆಣ್ಣು ನೋಡಲು ಹೊರಟಿದ್ದವರೂ ಸುಸ್ತಾಗಿ ಸುಮ್ಮನಾದರು.

ಅವನ ಅಕ್ಕ ರುಕಿಯಾಳಿಗೆ ಮದುವೆಯಾಗಿ ಹನ್ನೊಂದು ವರ್ಷಗಳ ಮೇಲೆ ಶಾಫಿ ಹುಟ್ಟಿದ. ಗಂಡ ಲಾರಿಯ ಜೊತೆ ಊರೂರು ಸುತ್ತುವವನಾದ್ದರಿಂದ ಅವಳು ಮಗನೊಂದಿಗೆ ತವರಿನಲ್ಲೇ ಇದ್ದಳು. ಅಂದಿನಿಂದ ಸುಲೈಮಾನನ ಜೀವವೆಲ್ಲ ಫೋನಿನೊಳಗೆ. ಇಲ್ಲಿ ಊರಿನಲ್ಲಿ ಸಂಜೆ ಐದಾದರೆ ಅಲ್ಲಿ ಮಧ್ಯಾಹ್ನ ಎರಡೂವರೆ, ಗಿರಾಕಿಗಳು ಕಡಿಮೆ ಇರುವ ಹೊತ್ತು. ಬದಲಿ ಜನ ಸಿಗಲಿಲ್ಲವೆಂದು ಮಾಲೀಕ ನಾಲ್ಕು ವರ್ಷ ರಜೆಯನ್ನು ಮುಂದೂಡುತ್ತಲೇ ಬಂದ. ಮಗುವಿನ ಮೊದಲ ಹಲ್ಲು, ಮೊದಲ ಹೆಜ್ಜೆ, ಆ ಹೆಜ್ಜೆಯಲ್ಲೇ ಮುಗ್ಗರಿಸಿ ಹಣೆ ಊದಿಸಿಕೊಂಡದ್ದು, ಎಲ್ಲವನ್ನೂ ಸುಲೈಮಾನ್ ಹಾಲಿನಪುಡಿ ಡಬ್ಬಿಗಳ ಮುಂದೆ ನಿಂತು ನೋಡಿದ. ಮಾತು ಬಂದ ಮೇಲಂತೂ ಮಾವ ಅಳಿಯ ಇಬ್ಬರೂ ಗಳಸ್ಯ ಕಂಠಸ್ಯ. ತನಗೆ ಸಂಸಾರವಿಲ್ಲ ಎಂಬ ಕೊರಗು ಆ ಅರ್ಧ ಗಂಟೆ ಅವನ ಹತ್ತಿರ ಸುಳಿಯುತ್ತಿರಲಿಲ್ಲ.

ಕೊನೆಗೂ ಕಳೆದ ಡಿಸೆಂಬರಿನಲ್ಲಿ ನಲವತ್ತೈದು ದಿನದ ರಜೆ ಸಿಕ್ಕಿತು. ಹಗ್ಗ ಬಿಗಿದ ಎರಡು ರಟ್ಟಿನ ಪೆಟ್ಟಿಗೆಗಳೊಂದಿಗೆ ಟ್ಯಾಕ್ಸಿಯಿಂದಿಳಿದು, ಅಂಗಳದಲ್ಲೇ ಕೈಚಾಚಿದ. ಶಾಫಿ ಉಮ್ಮನ ಹಿಂದೆ ಅಡಗಿದ.

"ಮಾಮ ಬಂದದ್ದು ಮಗಾ, ಹೋಗು" ಎಂದು ರುಕಿಯಾ ಮುಂದೆ ದೂಡಿದಳು.

ಹುಡುಗ ಬಂದವನನ್ನು ತಲೆಯಿಂದ ಪಾದದವರೆಗೆ ಅಳೆದು ನೋಡಿದ. "ಇದು ನನ್ನ ಮಾಮ ಅಲ್ಲ. ನನ್ನ ಮಾಮನಿಗೆ ಕಾಲಿಲ್ಲ."

ನೆರೆಕರೆಯವರು ಬಿದ್ದು ಬಿದ್ದು ನಕ್ಕರು. ಸುಲೈಮಾನನೂ ನಕ್ಕ, ಚಾಚಿದ ಕೈಯನ್ನು ಮೆಲ್ಲಗೆ ಹಿಂದಕ್ಕೆಳೆದುಕೊಂಡ. ಮಗುವಿನ ಮಾತಿನಲ್ಲಿ ತಪ್ಪೇನಿತ್ತು? ನಾಲ್ಕು ವರ್ಷದಲ್ಲಿ ಒಂದು ದಿನವಾದರೂ ಈ ಪುಣ್ಯಾತ್ಮ ಫೋನನ್ನು ಕುತ್ತಿಗೆಯಿಂದ ಕೆಳಗೆ ಇಳಿಸಿದ್ದರೆ ತಾನೆ!

ಪೆಟ್ಟಿಗೆಯ ಚಾಕಲೇಟು ಶಾಫಿಗೆ ಹಿಡಿಸಿತು, ತಂದವನು ಹಿಡಿಸಲಿಲ್ಲ. ಕೊಟ್ಟದ್ದನ್ನು ಇಸಿದುಕೊಂಡು ಮಾರು ದೂರ ಹೋಗಿ ಕೂರುತ್ತಿದ್ದ. ಎತ್ತಿಕೊಂಡರೆ ಕೊಡವಿಕೊಂಡು ಇಳಿಯುತ್ತಿದ್ದ. ಎಂಟನೆಯ ದಿನ ಸುಲೈಮಾನ್ ಏನೋ ಕೆಲಸಕ್ಕೆ ಬಿ.ಸಿ. ರೋಡಿಗೆ ಹೋಗಿದ್ದಾಗ ಗಂಟೆ ಐದಾಯಿತು. ಅಭ್ಯಾಸಬಲದಿಂದ ಕೈ ತಾನಾಗಿ ಫೋನಿಗೆ ಹೋಯಿತು.

"ಮಾಮಾ! ನೀನು ಎಲ್ಲಿ ಹೋಗಿದ್ದೆ?" ಪರದೆಯ ತುಂಬ ಶಾಫಿಯ ಹಲ್ಲುಗಳು. ಮರುಕ್ಷಣ ಅವನು ದನಿ ತಗ್ಗಿಸಿದ. "ನಮ್ಮ ಮನೆಗೆ ಒಬ್ರು ಬಂದಿದ್ದಾರೆ ಮಾಮ. ಹೋಗುದೇ ಇಲ್ಲ."

"ಹೌದಾ? ಒಳ್ಳೆಯವರಾ?"

"ಚಾಕಲೇಟು ಉಂಟು ಅವರ ಹತ್ರ. ಆದ್ರೆ ನಿನ್ನ ಕೋಣೆಯಲ್ಲಿ ಮಲಗ್ತಾರೆ. ನೀನು ಬೇಗ ಬಾ."

ಬಸ್ಸುಗಳ ಗದ್ದಲದ ನಡುವೆ ಸುಲೈಮಾನ್ ಮುಖ ತಿರುಗಿಸಿ ಕಣ್ಣೊರೆಸಿಕೊಂಡ. ತನ್ನ ಮೇಲೆಯೇ ಹೊಟ್ಟೆಕಿಚ್ಚುಪಡುವ ಯೋಗ ಎಷ್ಟು ಜನರಿಗೆ ಬರುತ್ತದೆ!

ಅಲ್ಲಿಂದ ಅದೇ ಚಟವಾಯಿತು. ದಿನವೂ ನಾಲ್ಕೂವರೆಗೆ ಏನಾದರೊಂದು ನೆಪ ಹೇಳಿ ಹೊರಬೀಳುವುದು, ಹೊಳೆಬದಿಯ ಕಟ್ಟೆಯ ಮೇಲೆ ಕೂತು ಮನೆಗೆ ಫೋನು ಹಚ್ಚುವುದು. ಸುಮಾರು ಮೂರು ವಾರ ರುಕಿಯಾ ನೋಡಿದಳು, ಆಮೇಲೆ ತಡೆಯಲಾಗಲಿಲ್ಲ.

"ಇದೆಂಥ ಮರ್ಲು ಮಾರಾಯ? ಅಷ್ಟು ದೂರದಿಂದ ಬಂದು ಪುನಃ ದೂರ ಹೋಗಿ ಕೂತುಕೊಳ್ಳುದಾ?"

"ಅಲ್ಲಿಂದಾದ್ರೆ ಅವ ನನ್ನತ್ರ ಮಾತಾಡ್ತಾನೆ."

"ಮಾತಾಡ್ತಾನೆ ಸರಿ. ನಿನಗೆ ಇನ್ನು ಉಳಿದದ್ದು ಹದಿನೆಂಟು ದಿನ. ಅವ ಒಮ್ಮೆಯೂ ನಿನ್ನ ಕೈ ಹಿಡಿಯದೆ ನೀನು ವಿಮಾನ ಹತ್ತಿದ್ರೆ, ಮತ್ತೆ ಎಷ್ಟು ವರ್ಷ?"

ಅಕ್ಕ ಹೇಳಿದ ಲೆಕ್ಕವನ್ನು ಸುಲೈಮಾನನೂ ಹಾಕಿ ನೋಡಿದ್ದ.

ಮರುದಿನ ಅವನು ಮನೆಯಲ್ಲೇ, ಸಿಟೌಟಿನ ಮೆಟ್ಟಿಲ ಮೇಲೆ ಕೂತ. ರುಕಿಯಾ ಬೇಕೆಂದೇ ಪಕ್ಕದ ಸೈನಬಳ ಮನೆಗೆ ಹೋದಳು. ಶಾಫಿ ಉಮ್ಮನ ಫೋನು ಹಿಡಿದು ಹೊಸ್ತಿಲಲ್ಲಿ ಕಾದ. ಐದಾಯಿತು, ಐದೂಕಾಲಾಯಿತು. ಫೋನು ಸದ್ದು ಮಾಡಲಿಲ್ಲ. ಹುಡುಗನ ತುಟಿ ಅದುರತೊಡಗಿತು. ಕೊನೆಗೆ ಬೇರೆ ದಾರಿ ಕಾಣದೆ ಮೆಟ್ಟಿಲಿಗೆ ಬಂದ.

"ನನ್ನ ಮಾಮನಿಗೆ ಫೋನ್ ಮಾಡಿ ಕೊಡ್ತೀರಾ?"

ತಾನಾಗಿ ಬಂದು ಆಡಿದ ಮೊದಲ ಮಾತು. ಸುಲೈಮಾನ್ ವಿಡಿಯೋ ಕರೆ ಒತ್ತಿ ಫೋನನ್ನು ಹುಡುಗನ ಕೈಗಿಟ್ಟ. ಸುಲೈಮಾನನ ಅಂಗಿಯ ಜೇಬು ರಿಂಗಣಿಸಿತು.

ಶಾಫಿ ಜೇಬನ್ನು ನೋಡಿದ. "ಮಾಮನ ಫೋನ್ ನೀವು ಯಾಕೆ ತೆಗೆದದ್ದು?" ಎಂದು ಕಿರುಚಿ, ಒಂದು ಕೈಯಲ್ಲಿ ಸುಲೈಮಾನನ ಮೊಣಕಾಲಿಗೆ ದಬದಬ ಗುದ್ದಿದ. ಗುದ್ದು ತಿನ್ನುತ್ತಲೇ ಸುಲೈಮಾನ್ ಕರೆ ತೆಗೆದುಕೊಂಡ. ಹುಡುಗನ ಕೈಯ ಪರದೆಯಲ್ಲಿ ಮಾಮ ಮೂಡಿದ.

"ಮಾಮಾ, ಇವರು ನಿನ್ನ ಫೋನ್ ಕದ್ದಿದ್ದಾರೆ!"

"ಇಲ್ಲ ಮಗಾ" ಎಂದ ಸುಲೈಮಾನ್. ಮಾತು ಎರಡು ಕಡೆಯಿಂದ ಕೇಳಿಸಿತು. ಶಾಫಿ ಗುದ್ದುವುದನ್ನು ನಿಲ್ಲಿಸಿ ಮೇಲೆ ನೋಡಿದ, ಕೆಳಗೆ ನೋಡಿದ. ಸುಲೈಮಾನ್ ತನ್ನ ಫೋನನ್ನು ಮೆಲ್ಲಗೆ ಇಳಿಸಿದ. ಪರದೆಯಲ್ಲಿ ಕುತ್ತಿಗೆ, ಅಂಗಿಯ ಗುಂಡಿಗಳು, ಲುಂಗಿ, ಕೊನೆಗೆ ಎರಡು ದೊಡ್ಡ ಪಾದ, ಅವುಗಳ ಬದಿಗೆ ಎರಡು ಪುಟ್ಟ ಪಾದ. ಶಾಫಿ ತನ್ನ ಒಂದು ಪಾದವನ್ನು ಎತ್ತಿದ. ಪರದೆಯಲ್ಲೂ ಅದು ಮೇಲೆದ್ದಿತು. ಬಹಳ ಹೊತ್ತು ನೋಡಿ, ಫೋನನ್ನು ನೆಲಕ್ಕಿಟ್ಟು, ಸುಲೈಮಾನನ ಹೆಬ್ಬೆರಳನ್ನು ಒತ್ತಿ ನೋಡಿದ.

"ನಿನಗೆ ಕಾಲು ಯಾವಾಗ ಬಂದದ್ದು?"

"ಊರಿಗೆ ಬರ್ಲಿಕ್ಕೆ ಬೇಕಲ್ಲ ಮಗಾ. ಅದಕ್ಕೆ."

ಉಳಿದ ಹದಿನೇಳು ದಿನ ಹುಡುಗ ಅವನ ಹೆಗಲಿನಿಂದ ಇಳಿದದ್ದೇ ಕಡಿಮೆ. ಮೀನು ಮಾರ್ಕೆಟ್ಟಿಗೆ ಹೋದರು, ಬಸ್ಸಿನಲ್ಲಿ ಮೂಡುಬಿದಿರೆಗೆ ಹೋಗಿ ಐಸ್‌ಕ್ರೀಮು ತಿಂದರು, ಬೆಳ್ತಂಗಡಿಯ ಚಿಕ್ಕಮ್ಮನ ಮನೆಗೆ ಹೋಗಿ ಊಟ ಮಾಡಿದರು. ಸಂಜೆ ಐದು ಯಾವಾಗ ಬಂತು, ಯಾವಾಗ ಹೋಯಿತು, ಇಬ್ಬರಿಗೂ ತಿಳಿಯಲಿಲ್ಲ. ಸುಲೈಮಾನ್ ಆ ದಿನಗಳಲ್ಲಿ ಇದ್ದಷ್ಟು ಸುಖವಾಗಿ ಹಿಂದೆಂದೂ ಇರಲಿಲ್ಲ.

ದಮಾಮಿಗೆ ಮರಳಿದ ಮರುದಿನ ಎರಡೂವರೆಗೆ ಸರಿಯಾಗಿ ಕರೆ ಮಾಡಿದ. ರುಕಿಯಾ ಫೋನನ್ನು ಮಗನ ಮುಂದೆ ಹಿಡಿದಳು.

"ಶಾಫೀ, ಮಾಮ ನೋಡು" ಎಂದ ಸುಲೈಮಾನ್.

ಹುಡುಗ ಒಮ್ಮೆ ನೋಡಿ ಮುಖ ತಿರುಗಿಸಿದ. "ಇದು ಮಾಮ ಅಲ್ಲ. ಇದು ಫೋನ್" ಎಂದು ಕೈಯಿಂದ ತಳ್ಳಿಬಿಟ್ಟ. ಪರದೆ ಗಿರಕಿ ಹೊಡೆದು, ಮನೆಯ ತಾರಸಿ ಕಂಡಿತು. "ಮಾಮ ಬೇಕು, ಮಾಮ ಬೇಕು" ಎಂಬ ಅಳು ಒಳಕೋಣೆಯವರೆಗೂ ಹೋಯಿತು.

"ನಾಳೆ ಮಾಡು ಸುಲೈಮಾನ್, ಈಗ ಇಡ್ತೇನೆ" ಎಂದಳು ರುಕಿಯಾ.

"ಇಡ್ಬೇಡ. ಸ್ವಲ್ಪ ಹೊತ್ತು ಹಾಗೇ ಇರಲಿ."

ಗಲ್ಲಾಪೆಟ್ಟಿಗೆಯ ಮುಂದೆ ಗಿರಾಕಿಯೊಬ್ಬ ಬ್ರೆಡ್ಡು ಹಿಡಿದು ನಿಂತಿದ್ದ. ಅವನಿಗೆ ಕೈಸನ್ನೆಯಲ್ಲೇ ನಿಲ್ಲಲು ಹೇಳಿ, ತನಗಾಗಿ ಮನೆಯಲ್ಲೊಬ್ಬ ಅಳುತ್ತಿರುವುದನ್ನು ಸುಲೈಮಾನ್ ಅದು ಮುಗಿಯುವವರೆಗೂ ಕೇಳಿಸಿಕೊಂಡ.