ಸೀನದ ಮನುಷ್ಯ

ಟಿವಿಯ ಪತ್ತೇದಾರಿ ಧಾರಾವಾಹಿಗೆ ಕಥೆ ಬರೆಯುವುದು ನನ್ನ ಕೆಲಸ. ಧಾರವಾಡದಲ್ಲಿ ಎಂ.ಎ. ಮುಗಿಸಿ ನಿಪ್ಪಾಣಿಗೆ ಹಿಂತಿರುಗಿದವಳು ಮನೆಯಿಂದಲೇ ಬರೆಯುತ್ತೇನೆ. ಮೊದಲ ಎರಡು ವರ್ಷ ನನ್ನ ಹೆಸರು ಸಂಚಿಕೆಯ ಕೊನೆಗೆ, ಹಲವರ ನಡುವೆ, ಓದುವಷ್ಟರಲ್ಲಿ ಮೇಲೆ ಸರಿದುಹೋಗುತ್ತಿತ್ತು. ಒಂದು ಕಥೆಯಾದರೂ ನನ್ನೊಬ್ಬಳ ಹೆಸರಿನಲ್ಲಿ ಬರಬೇಕೆಂಬ ಆಸೆಯನ್ನು ಯಾರಿಗೂ ಹೇಳಿರಲಿಲ್ಲ, ಅವ್ವನಿಗೂ.

ಅವಕಾಶ ಬಂದಾಗ ತಂಬಾಕಿನ ವಖಾರಿಯನ್ನು ಆರಿಸಿಕೊಂಡೆ. ಅವ್ವ ಅಂಥ ಒಂದು ಗೋದಾಮಿನಲ್ಲಿ ಜರಡಿ ಹಿಡಿದವಳು. ಅಲ್ಲಿನ ಧೂಳಿಗೆ ಹೊಸಬರು ಬಾಗಿಲಲ್ಲೇ ಸೀನತೊಡಗುತ್ತಾರೆ. ಐಗಳಿಯಿಂದಲೋ ಯಡೂರಿನಿಂದಲೋ ಮದುವೆಯಾಗಿ ಬಂದ ಹುಡುಗಿ ಕೆಲಸಕ್ಕೆ ಸೇರಿದರೆ ಹೆಂಗಸರೆಲ್ಲ ಅವಳ ಮೂಗನ್ನೇ ಕಾಯುತ್ತಿದ್ದರಂತೆ. ಸೀನು ನಿಂತ ದಿನ ಅವಳು ನಿಪ್ಪಾಣಿ ಸೊಸೆ. ಅಲ್ಲಿಯವರೆಗೆ ಬರೀ ಬೀಗರ ಪೈಕಿ. ಸೀನು ನಿಂತ ದಿನ ಎಲ್ಲರಿಗೂ ಚಹಾ ಅವಳದೇ ಖರ್ಚು.

ನನ್ನ ಕಥೆಯಲ್ಲಿ ವಖಾರಿಯ ಮಾಲೀಕನ ಕೊಲೆಯಾಗುತ್ತದೆ. ಅಲ್ಲೇ ನಡೆಯುವ ವಿಚಾರಣೆಗೆ ಸಿಕ್ಕವರಲ್ಲಿ ಒಬ್ಬ, ತಾನು ದೂರದ ಊರಿನ ಬಟ್ಟೆ ವ್ಯಾಪಾರಿ, ತಂಬಾಕಿನ ಜಾಗಕ್ಕೆ ಕಾಲಿಟ್ಟದ್ದೇ ಇವತ್ತು ಎನ್ನುತ್ತಾನೆ. ಮಾತು, ಉಡುಪು, ರೈಲಿನ ಟಿಕೀಟು ಎಲ್ಲ ಹೊಂದಿಸಿಕೊಂಡಿದ್ದಾನೆ. ಸೀನುವುದನ್ನು ಮಾತ್ರ ಮರೆತಿದ್ದಾನೆ. ತಂಬಾಕಿನಲ್ಲೇ ಬೆಳೆದವನಿಗೆ ಅದು ಹೊಳೆಯುವುದೇ ಇಲ್ಲ.

ನಮ್ಮ ಮುಖ್ಯ ಬರಹಗಾರರು ಮೈಸೂರು ಕಡೆಯವರು. ವಿಡಿಯೋ ಕರೆಯಲ್ಲಿ ಕಥೆಯನ್ನು ಮೆಚ್ಚಿ, ಸೀನದಿರುವ ಸುಳಿವನ್ನು ಮಾತ್ರ ತೆಗೆದುಹಾಕಿದರು. "ಆಗದೇ ಇದ್ದದ್ದನ್ನ ಕ್ಯಾಮೆರಾದಲ್ಲಿ ಹೇಗಮ್ಮ ತೋರಿಸೋದು?" ಎಂದರು. ಅದರ ಬದಲು ಸಿಸಿಟಿವಿ ಇರಲಿ, ಆ ದೃಶ್ಯಗಳನ್ನು ಇನ್ನೊಬ್ಬರು ಬರೆದುಕೊಡಲಿ ಎಂದು ತೀರ್ಮಾನವಾಯಿತು. ಹಾಗಾದರೆ ಹೆಸರೂ ಇಬ್ಬರದು. ಕರೆಗಳಲ್ಲಿ ನಾನು ಸಾಮಾನ್ಯವಾಗಿ ಬಾಯಿ ತೆರೆಯುವವಳಲ್ಲ. ಅಂದು ತೆರೆದು, ಸೋಮವಾರದವರೆಗೆ ಸಮಯ ಕೇಳಿದೆ.

ಅವರ ಪ್ರಶ್ನೆ ಸರಿಯಾಗಿಯೇ ಇತ್ತು. ಒಬ್ಬ ಸೀನುತ್ತಿಲ್ಲ ಎಂದು ತೋರಿಸಬೇಕಾದರೆ ಸುತ್ತಲಿನ ಹೊಸಬರೆಲ್ಲ ಸೀನುತ್ತಿರಬೇಕು. ಮಂಗಳೂರಿನಿಂದ ವರ್ಗವಾಗಿ ಬಂದ ಇನ್‌ಸ್ಪೆಕ್ಟರು ಒಂದು ಪ್ರಶ್ನೆಯನ್ನೂ ಪೂರ್ತಿ ಕೇಳಲಾರದೆ ಸೀನುವಂತೆ ಬರೆದೆ. ಫೋಟೋ ತೆಗೆಯುವವನ ಕ್ಯಾಮೆರಾ ಸೀನಿಗೆ ಅಲುಗುತ್ತದೆ. ಇದರ ನಡುವೆ ನಮ್ಮ ಬಟ್ಟೆ ವ್ಯಾಪಾರಿ ತಾಳ್ಮೆಯಿಂದ ಕಾದು, ಸಾಹೇಬರಿಗೆ ತನ್ನ ಕರವಸ್ತ್ರ ಕೊಡುತ್ತಾನೆ. ನಗುವ ಭರದಲ್ಲಿ ಅವನನ್ನು ಯಾರೂ ಗಮನಿಸಲಾರರು ಎಂಬುದು ನನ್ನ ಲೆಕ್ಕ.

ಸೋಮವಾರ ಮುಖ್ಯ ಬರಹಗಾರರು ಆ ದೃಶ್ಯವನ್ನು, ಕಥೆ ಗೊತ್ತಿಲ್ಲದ ಹೊಸ ಸಹಾಯಕರಿಗೆ ಗಟ್ಟಿಯಾಗಿ ಓದಿದರು. ಎಲ್ಲರೂ ನಕ್ಕರು. ಕೊಲೆಗಾರ ಯಾರೆಂದು ಒಬ್ಬರಿಗೂ ಹೊಳೆಯಲಿಲ್ಲ; ಸೀನದೇ ಇದ್ದವನು ಯಾರೆಂದು ಕೇಳಿದೊಡನೆ ಎಲ್ಲರೂ ಬಟ್ಟೆ ವ್ಯಾಪಾರಿ ಎಂದರು.

"ಹೀಗೇ ಇರಲಿ," ಎಂದರು. "ಯಾರೂ ಒಂದಕ್ಷರ ಮುಟ್ಟಬೇಡಿ."

ಪ್ರಸಾರವಾದ ಸಂಜೆ ಅವ್ವನ ವಖಾರಿಯ ಗೆಳತಿಯರು ನಮ್ಮ ಮನೆಯಲ್ಲಿದ್ದರು. ಕರವಸ್ತ್ರದ ದೃಶ್ಯ ಬರುತ್ತಲೇ ಅವರಲ್ಲಿ ಹಿರಿಯಳು ಎಲೆ ಮಡಿಸುತ್ತ, "ಇಂವನ ನೋಡ್ರಿ ಕೊಂದಾಂವ. ಮೂಗು ನಮ್ಮೂರದೈತಿ," ಎಂದಳು. ಉಳಿದವರೂ ಹೌದೆಂದರು. ರಾಜ್ಯಕ್ಕೆಲ್ಲ ಬಚ್ಚಿಟ್ಟದ್ದು ನಮ್ಮ ಓಣಿಯಲ್ಲಿ ಹತ್ತು ನಿಮಿಷವೂ ನಿಲ್ಲಲಿಲ್ಲ. ನನಗೆ ಬೇಸರವಾಗಲಿಲ್ಲ. ಸುಳಿವು ನಿಜವಾದದ್ದೆಂದು ಹೇಳಬೇಕಾದವರೇ ಹೇಳಿದ್ದರು. ಆಮೇಲೂ ಅವರು ಎದ್ದುಹೋಗಲಿಲ್ಲ. "ಇಷ್ಟ ಓದಿ ಸಾಹೇಬ ಆಗ್ಯಾನ, ಇನ್ನೂ ತಿಳಿವಲ್ದ ಇವಗ," ಎಂದು ಇನ್‌ಸ್ಪೆಕ್ಟರನ್ನು ಕೊನೆಯವರೆಗೂ ಬೈದರು.

ವ್ಯಾಪಾರಿಯ ಕೈಗೆ ಕೋಳ ಬಿದ್ದೊಡನೆ ಸೆರಗು ಸರಿಪಡಿಸಿಕೊಂಡು ಏಳತೊಡಗಿದರು. ಅವ್ವ ಕೈಯೆತ್ತಿ ತಡೆದಳು.

"ಕುಂದರ್ರಿ. ಇನ್ನಾ ಮುಗದಿಲ್ಲ."

ವಾರವಾರವೂ ಅವಳು ಆ ಸರಿದುಹೋಗುವ ಹೆಸರುಗಳನ್ನು ಕಾದು ನೋಡುತ್ತಿದ್ದಳೆಂದು ನನಗೆ ತಿಳಿದದ್ದು ಆಗ. ಪರದೆ ಕಪ್ಪಾಯಿತು. ಅದರ ಮೇಲೆ ಒಂದೇ ಹೆಸರು ಮೂಡಿ, ಓದಿ ಮುಗಿದರೂ ಅಲ್ಲೇ ನಿಂತಿತ್ತು. ಹಿರಿಯಳು ಅಕ್ಷರ ಕೂಡಿಸಿ ಜೋರಾಗಿ ಓದಿದಳು. ನಾನು ಖಾಲಿ ಕಪ್ಪುಗಳನ್ನೆತ್ತಿಕೊಂಡು ಒಳಗೆ ಹೋದವಳು ಸ್ವಲ್ಪ ಹೊತ್ತು ಹೊರಗೆ ಬರಲಿಲ್ಲ.