ಹಣೆಗೆ ಮುಟ್ಟಿಸಿದ ಚೆಂಡು

ದಿನಕರ ಪೋತ್ನೀಸ್ ಹನ್ನೆರಡು ವರ್ಷ ಮಹಾರಾಷ್ಟ್ರಕ್ಕೆ ರಣಜಿ ಆಡಿದ, ರಾಶಿ ರಾಶಿ ರನ್ ಹೊಡೆದ. ದೇಶದ ಟೋಪಿ ಮಾತ್ರ ಅವನ ತಲೆಯೇರಲಿಲ್ಲ. ಯಾಕೆ ಏರಲಿಲ್ಲ ಎಂಬುದು ನನಗೆ ಗೊತ್ತು. ಆ ದಿನ ಎದುರು ತುದಿಯಲ್ಲಿ ಬ್ಯಾಟು ಹಿಡಿದು ನಿಂತಿದ್ದವನು ನಾನೇ. ಇಂದಿಗೂ ನೆನೆದರೆ ಮೈ ಉರಿಯುತ್ತದೆ.

ಪುಣೆಯ ಸದಾಶಿವ ಪೇಟೆಯಲ್ಲಿ, ಒಂದೇ ಅಂಗಳದ ಸುತ್ತ ಹಲವು ಸಂಸಾರಗಳಿದ್ದ ವಾಡೆಯಲ್ಲಿ ನಾನು, ದಿನಕರ, ರಾಜಾ ಚಿಟ್ಣೀಸ್ ಮೂವರೂ ಬೆಳೆದವರು. ಅಂಗಳದ ಆಟಕ್ಕೆ ಅಂಪೈರ್ ಎಲ್ಲಿಂದ ಬರಬೇಕು? ಕ್ಯಾಚಿನ ಬಗ್ಗೆ ಜಗಳವಾದರೆ ಹಿಡಿದವನು ಚೆಂಡನ್ನು ಹಣೆಗೆ ಮುಟ್ಟಿಸಬೇಕು. ಮುಟ್ಟಿಸಿದರೆ ಔಟ್, ಮರುಮಾತಿಲ್ಲ. ಸುಳ್ಳುಸುಳ್ಳೇ ಮುಟ್ಟಿಸುವ ಧೈರ್ಯ ಯಾರಿಗೂ ಇರಲಿಲ್ಲ. ಎಷ್ಟೋ ಸಲ ರಾಜಾನೇ ಚೆಂಡು ಕೆಳಗೆ ಹಾಕಿ, "ಇಲ್ಲಲೇ, ನೆಲಾ ಮುಟ್ಟೇತಿ" ಎಂದು ನಗುತ್ತಿದ್ದ. ದಿನಕರನ ತಾಯಿ ಮಗನಿಗೂ ರಾಜಾನಿಗೂ ಒಂದೇ ತಟ್ಟೆಯಲ್ಲಿ ಅವಲಕ್ಕಿ ಹಾಕಿಕೊಡುತ್ತಿದ್ದರು.

ಮುಂದೆ ತಂದೆಗೆ ವರ್ಗವಾಗಿ ರಾಜಾ ಮುಂಬೈಗೆ ಹೋದ, ಅಲ್ಲಿನ ತಂಡ ಸೇರಿದ. ಒಂದು ವರ್ಷ ವೆಸ್ಟ್ ಇಂಡೀಸ್ ಪ್ರವಾಸಕ್ಕೆ ಆಟಗಾರರನ್ನು ಆರಿಸುವುದಿತ್ತು. ಬ್ಯಾಟಿಂಗಿನಲ್ಲಿ ಒಂದೇ ಜಾಗ ಖಾಲಿ, ಅದು ಇವರಿಬ್ಬರಲ್ಲಿ ಒಬ್ಬನಿಗೆ ಎಂದು ಪತ್ರಿಕೆಗಳೆಲ್ಲ ಬರೆದವು. ಅಂಥ ಹೊತ್ತಿನಲ್ಲಿ ಮುಂಬೈ ನಮ್ಮೂರಿಗೆ ಆಡಲು ಬಂತು. ಆರಿಸುವವರು ಷಾಮಿಯಾನದ ಕೆಳಗೆ ಕೂತಿದ್ದರು. ರಾಜಾ ಮೊದಲ ಸರದಿಯಲ್ಲಿ ಸೊನ್ನೆಗೆ ಔಟಾಗಿದ್ದ. ನಮ್ಮ ದಿನಕರ ಎಂಬತ್ತು ದಾಟಿ, ನೀರು ಕುಡಿದಷ್ಟು ಸಲೀಸಾಗಿ ಆಡುತ್ತಿದ್ದ.

ಆಗ ಒಂದು ಚೆಂಡು ಬ್ಯಾಟಿನ ಅಂಚಿಗೆ ತಗುಲಿ ಸ್ಲಿಪ್‌ನಲ್ಲಿದ್ದ ರಾಜಾನ ಕಡೆ ಹೋಯಿತು. ಅವನ ಬೆರಳು ಸೇರುವ ಮೊದಲು ಅದು ಹುಲ್ಲಿನ ಮೇಲೆ ಪುಟಿದದ್ದನ್ನು ನಾನು ಕಣ್ಣಾರೆ ಕಂಡೆ. ಬೌಲರ್ ಅಡ್ಡ ಬಂದಿದ್ದರಿಂದ ಅಂಪೈರಿಗೆ ಕಾಣಲಿಲ್ಲ. ಅವರು ಬೆರಳೆತ್ತದೆ ಇನ್ನೊಬ್ಬ ಅಂಪೈರ್ ಕಡೆ ತಿರುಗಿದರು. ಅಷ್ಟರಲ್ಲಿ ದಿನಕರನೇ ಕೇಳಿದ, "ರಾಜ್ಯಾ, ಹಿಡದೀ ಏನು?"

ರಾಜಾ ಚೆಂಡನ್ನು ಹಣೆಗೆ ಮುಟ್ಟಿಸಿದ.

ದಿನಕರ ಬ್ಯಾಟನ್ನು ಕಂಕುಳಲ್ಲಿ ಸಿಕ್ಕಿಸಿಕೊಂಡು ಹೊರಟ. "ದಿನ್ಯಾ, ಹೋಗಬ್ಯಾಡ! ನೆಲಾ ಮುಟ್ಟೇತಿ!" ಎಂದು ಗಂಟಲು ಹರಿಯುವಂತೆ ಕೂಗಿದೆ. ಅವನು ತಿರುಗಿ ನೋಡಲಿಲ್ಲ. ಆಡುವವನೇ ಹೊರಟ ಮೇಲೆ ಅಂಪೈರ್ ಏನು ಮಾಡಿಯಾರು? ಬೆರಳೆತ್ತಿದರು. ಎರಡನೆಯ ಸರದಿಯಲ್ಲಿ ರಾಜಾ ಶತಕ ಹೊಡೆದ, ಹಡಗಿನಷ್ಟು ದೊಡ್ಡ ಪೆಟ್ಟಿಗೆ ಹೊತ್ತು ವೆಸ್ಟ್ ಇಂಡೀಸಿಗೂ ಹೋದ.

ಆಮೇಲೆ ಮಿಸಳ್-ಪಾವ್ ತಿನ್ನಲು ಅಂಗಡಿಯಲ್ಲಿ ಕೂತಾಗಲೆಲ್ಲ ನನಗೂ ದಿನಕರನಿಗೂ ಇದೇ ಜಗಳ.

"ಅಂವ ನಿನ್ನ ಕುತ್ತಿಗೀ ಕೊಯ್ದಾನಲೇ!"

"ಬಾಯಿ ಮುಚ್ಚು. ಹಣಿಗೆ ಮುಟ್ಟಿಸಿದ್ದು ನೋಡಲಿಲ್ಲೇನು?"

"ನಾ ಅಷ್ಟು ಒದರಿದೆ, ಕೇಳಸಲಿಲ್ಲೇನು ನಿನಗ?"

"ಗದ್ದಲದಾಗ ಏನೂ ಕೇಳಸಲಿಲ್ಲ ಮಾರಾಯಾ. ಪಾವ್ ತಿನ್ನು."

ದೊಡ್ಡ ಆಟಗಾರನಾದ ರಾಜಾ ವಾಡೆಯ ಕಡೆ ಸುಳಿಯಲಿಲ್ಲ. ಅವಲಕ್ಕಿ ಹಾಕಿಕೊಟ್ಟ ತಾಯಿ ತೀರಿಕೊಂಡಾಗಲೂ ಬರಲಿಲ್ಲ. "ಅಂವಗ ಪುರಸೊತ್ತೆಲ್ಲಿ?" ಎಂದು ದಿನಕರ ಅವನ ಪರವೇ ವಹಿಸಿದ. ನನಗೋ, ಇಬ್ಬರ ಮೇಲೂ ಸಿಟ್ಟು.

ದಿನಕರನಿಗೆ ಅರವತ್ತು ತುಂಬಿದಾಗ ಕ್ಲಬ್ಬಿನವರು ಸನ್ಮಾನವಿಟ್ಟುಕೊಂಡರು. ಮುಖ್ಯ ಅತಿಥಿ ರಾಜಾ. ಅವನು ಬರುತ್ತಾನೆಂದು ದಿನಕರ ಕೋಟಿಗೆ ಇಸ್ತ್ರಿ ಮಾಡಿಸಿಕೊಂಡ. ಶಾಲು ಹೊದಿಸಿ, ಮೈಕಿನ ಮುಂದೆ ನಿಂತು, ರಾಜಾ ಮೇಜಿನ ಮೇಲಿದ್ದ ಚೆಂಡನ್ನು ಎತ್ತಿಕೊಂಡ.

"ಇವನ ಭೋಳೆತನದ ಕತಿ ಹೇಳ್ತೇನಿ ಕೇಳ್ರಿ. ಅವತ್ತು ಚೆಂಡು ನೆಲಾ ಮುಟ್ಟಿತ್ತು! ನಾ ಹಿಂಗ ಮಾಡಿದೆ," ಎಂದು ಚೆಂಡನ್ನು ಹಣೆಗೆ ಮುಟ್ಟಿಸಿದ, "ಈ ಪುಣ್ಯಾತ್ಮ ಹೊಂಟೇ ಬಿಟ್ಟ!"

ಸಭೆ ಬಿದ್ದು ಬಿದ್ದು ನಕ್ಕಿತು. ದಿನಕರನೂ ನಗುತ್ತಾನೆಂದು ರಾಜಾ ಅವನ ಭುಜ ತಟ್ಟಿದ. ದಿನಕರ ಎದ್ದು ಶಾಲು ಮಡಚಿ ಕುರ್ಚಿಯ ಮೇಲಿಟ್ಟ. ಮೆಟ್ಟಿಲಿಳಿದು ಹೊರಗೆ ನಡೆದ. ನಾನು ಹಿಂದೆಯೇ ಓಡಿದೆ. ಗೇಟಿನ ಹತ್ತಿರ ನಿಂತ.

"ಅವತ್ತು ನೀ ಒದರಿದ್ದು ನನಗ ಕೇಳಿಸಿತ್ತು," ಎಂದ.

"ಮತ್ತ ಯಾಕ ನಿಲ್ಲಲಿಲ್ಲಲೇ?"

"ನಿಂತಿದ್ದರ ಅಂವ ಕಳ್ಳ ಅಂತ ನಾನೇ ಊರಿಗೆ ಹೇಳಿದಂಗ ಆಗ್ತಿತ್ತು. ಟೋಪಿ ಹೋದರ ಹೋಗಲಿ, ಗೆಳೆಯಾ ಉಳೀತಾನ ಅಂದುಕೊಂಡೆ."