ಕಿಟಕಿಯಲ್ಲಿದ್ದ ಹುಡುಗಿಯ ಹೆಸರು

ಬ್ಯಾಡಗಿಯ ಕೋಲ್ಡ್ ಸ್ಟೋರೇಜಿನಲ್ಲಿ ಮಂದಿಯೆಲ್ಲ ಮೆಣಸಿನಕಾಯಿ ಚೀಲ ಇಟ್ಟರೆ ರಾಣೆಬೆನ್ನೂರಿನ ಶಮಶೇರಸಾಬ ಹಳೆಯ ರೀಲು, ಟೇಪು ಇಡುತ್ತಿದ್ದ. ಎರಡಕ್ಕೂ ತಂಪೇ ಜೀವ ಎಂದು ಕಂಡುಕೊಂಡ ಆಸಾಮಿ. ಬಾಗಿಲು ಮುಚ್ಚಿದ ಟಾಕೀಸು, ಮದುವೆ ವಿಡಿಯೋದ ಸ್ಟುಡಿಯೋಗಳು ರದ್ದಿಗೆ ಹಾಕಿದ್ದನ್ನು ತಂದು, ಒರೆಸಿ, ಕಂಪ್ಯೂಟರಿಗೆ ಇಳಿಸಿ, ಹಿಂದಿನ ಕಾಲದ ದೃಶ್ಯ ಕೇಳಿಕೊಂಡು ಬರುವ ಸಿನಿಮಾದವರಿಗೆ ಒದಗಿಸುವುದು ಅವನ ಕಸುಬು. ಅವನ ಪಾರ್ಸಲ್ ಬಿಚ್ಚಿದವರು ಮೊದಲು ಸೀನುತ್ತಿದ್ದರು, ಆಮೇಲೆ ನೋಡುತ್ತಿದ್ದರು.

ಅವನಿಗೊಂದು ಹುಚ್ಚಿತ್ತು. ಚಿತ್ರದಲ್ಲಿ ಕಂಡ ಮುಖಕ್ಕೆಲ್ಲ ಹೆಸರು ಸಿಗುವತನಕ ಅವನಿಗೆ ನಿದ್ದೆ ಹತ್ತುತ್ತಿರಲಿಲ್ಲ. ಫೋಟೋ ಹಿಡಿದು ಓಣಿ ಓಣಿ ಅಲೆದು, ‘ಇವರ್ಯಾರ್ರಿ? ಈಗೆಲ್ಲಿ ಅದಾರ?’ ಎಂದು ಕೇಳಿಯೇ ಕೇಳುತ್ತಿದ್ದ.

“ಊರ ಮಂದೀದೆಲ್ಲಾ ಮಾರಿ ಗುರ್ತ ಹಿಡೀತೀರಿ, ಬಾಜೂ ಮನಿಯವರ ಹೆಸರ ಕೇಳಿದ್ರ ತಲಿ ಕೆರಕೋತೀರಿ,” ಎಂದು ಹೆಂಡತಿ ಮಹಮೂದಾಬೇಗಂ ಚುಚ್ಚುತ್ತಿದ್ದಳು. ಅವನು ನಕ್ಕು ಮುಂದಿನ ಫೋಟೋ ಕೈಗೆತ್ತಿಕೊಳ್ಳುತ್ತಿದ್ದ.

ಹೋದ ಬೇಸಿಗೆಯಲ್ಲಿ ವೀರೇಂದ್ರ ಎಂಬುವನು ರಾಣೆಬೆನ್ನೂರಿನ ಅವನ ಅಂಗಡಿಗೆ ಬಂದ. ಹಳೆಯ ಪೇಟೆಯ ಮೇಲೆ ಸಿನಿಮಾ ಮಾಡುತ್ತಿದ್ದಾನಂತೆ. ಶಮಶೇರಸಾಬ ಉಬ್ಬಿಹೋಗಿ, ಮೂವತ್ತು ವರ್ಷದ ಹಿಂದಿನ ಮದುವೆ ಮೆರವಣಿಗೆಯ ಟೇಪಿನ ಕಾಪಿಯನ್ನು ಕಂಪ್ಯೂಟರಿನಲ್ಲಿ ಹಾಕಿದ. ಬ್ಯಾಂಡಿನವರ ಹಿಂದೆ ಒಂದು ಅರಿವೆ ಅಂಗಡಿಗೆ ಬೆಂಕಿ ಹತ್ತಿತ್ತು. ಒಳಗೆ ಮಲಗಿದ್ದ ಕಾವಲುಗಾರ ಸುಟ್ಟು ಸತ್ತಿದ್ದ. ದೀಪ ಉರುಳಿತು ಎಂದು ಕೇಸು ಮುಚ್ಚಿದ್ದರು. ಆದರೆ ಟೇಪಿನಲ್ಲಿ ಒಬ್ಬ ಕೈಯಲ್ಲಿ ಸೀಮೆಎಣ್ಣೆ ಡಬ್ಬಿ ಹಿಡಿದು ಅಂಗಡಿಯಿಂದ ಹೊರಬರುತ್ತಾನೆ. ಕಾಣುವುದು ಬರೀ ಬೆನ್ನು. ಎದುರು ಮನೆಯ ಕಿಟಕಿಯಲ್ಲಿ ನಿಂತ ಹುಡುಗಿ ಮಾತ್ರ ಅವನ ಮುಖವನ್ನೇ ನೋಡುತ್ತಿದ್ದಾಳೆ.

“ಇಲ್ಲೇ ನಿಲ್ಲಸ್ರಿ,” ಎಂದ ವೀರೇಂದ್ರ. “ಈ ಹುಡುಗಿ ಯಾರ್ರಿ?”

ಹೆಸರು ಕೇಳಿದರೆ ಶಮಶೇರಸಾಬನ ಬಾಯಿ ನಿಲ್ಲುವುದುಂಟೇ? “ಹೊಳಿಯವ್ವ ಅಂತ. ಕರ್ಜಗಿಗೆ ಕೊಟ್ಟಾರ. ಬಸ್‌ಸ್ಟ್ಯಾಂಡ್ ಹಿಂದ ಮನಿ. ನಾನ ಹೋಗಿ ಮಾತಾಡಿಸಿ ಬಂದೇನಿ,” ಎಂದ. ವೀರೇಂದ್ರ ಚಹಾ ಅರ್ಧಕ್ಕೇ ಬಿಟ್ಟು ಎದ್ದ. ಮೂಲ ಟೇಪು ತೆಗೆದಿಡಿ, ನಾಳೆ ಬರುತ್ತೇನೆ ಅಂದ.

ಮರುದಿನ ಮೂಲ ಟೇಪು ತರಲು ಶಮಶೇರಸಾಬ ಬ್ಯಾಡಗಿಗೆ ಹೋದ. ಚೀಲಗಳ ನಡುವೆ ಆ ಥಂಡಿಯಲ್ಲಿ ಟೇಪು ಹುಡುಕುವಾಗ ಅವನ ಕೈ ನಿಂತಿತು. ಪೇಟೆಯ ಸಿನಿಮಾ ಮಾಡುವವನು ಪೇಟೆಯ ಬಗ್ಗೆ ಒಂದು ಮಾತೂ ಕೇಳಲಿಲ್ಲ. ಮೆರವಣಿಗೆ ಬೇಡ, ಬೆಂಕಿ ಬೇಡ. ಹುಡುಗಿ ಒಬ್ಬಳೇ ಬೇಕಿತ್ತು.

ಕರ್ಜಗಿಗೆ ಹೋಗಿದ್ದಾಗ ಹೊಳಿಯವ್ವ ಫೋಟೋದಲ್ಲಿನ ತನ್ನ ಜಡೆ ನೋಡಿ ನಕ್ಕಿದ್ದಳು. ಆ ಬೆನ್ನು ಯಾರದೆಂದು ಕೇಳಿದ್ದೇ ತಡ, ಅವಳ ಮುಖ ಕಪ್ಪಿಟ್ಟಿತ್ತು. “ಮುಚ್ಚಿಟ್ಟಬಿಡ್ರಿ ಅಣ್ಣಾ. ಅಂವ ಈಗ ಭಾಳ ದೊಡ್ಡಾಂವ ಆಗ್ಯಾನ. ನಾ ನೋಡೇನಿ ಅಂತ ಅವಂಗ ಗೊತ್ತಿಲ್ಲ,” ಅಂದಿದ್ದಳು. ಹೂಂ ಅಂದು ಬಂದಿದ್ದ. ಬಂದವನು ಮರೆತೂಬಿಟ್ಟಿದ್ದ.

ವೀರೇಂದ್ರನ ಫೋನು ಸ್ವಿಚ್ ಆಫ್. ಹೊಳಿಯವ್ವನ ಹತ್ತಿರ ಫೋನೇ ಇಲ್ಲ. ಶಮಶೇರಸಾಬ ಟೇಪು ಅಲ್ಲೇ ಬಿಟ್ಟು ಹೊರಗೆ ಓಡಿದ. ಬೈಕು ಹತ್ತಿ, ಹಾವೇರಿಯಲ್ಲೂ ನಿಲ್ಲದೆ ಕರ್ಜಗಿ ಮುಟ್ಟಿದ. ಯಾ ಅಲ್ಲಾ, ಮನೆಯಲ್ಲೇ ಇರಲಿ ಎಂದು ದಾರಿಯುದ್ದಕ್ಕೂ ಬೇಡಿಕೊಂಡ.

ಹೊಳಿಯವ್ವನ ಸೊಸೆ ಭುವನಾ ಕಟ್ಟೆಯ ಮೇಲೆ ಅಕ್ಕಿ ಹಸನು ಮಾಡುತ್ತಿದ್ದಳು. ಇವನನ್ನು ನೋಡಿ ನಗುತ್ತ ಎದ್ದಳು.

“ಬರ್ರಿ ಸಾಬ್ರ. ನೀವು ಅವರ ಕೂಡ ಹೋಗಲಿಲ್ಲೇನ್ರಿ?”

“ಯಾರ ಕೂಡ?”

“ನಿಮ್ಮ ಸಿನಿಮಾದವರು. ಮುಂಜಾನೆನ ಕಾರ್ ತಂದಿದ್ರಲ್ಲಾ. ಅತ್ತಿ ಹೊಸಾ ಸೀರಿ ಉಟ್ಕೊಂಡು ಹೋದ್ರು.” ಅಕ್ಕಿಯ ಮೊರವನ್ನು ಬದಿಗಿಟ್ಟು ಅವನಿಗೆ ಕೂರಲು ಜಾಗ ಮಾಡಿದಳು. “ಗುರ್ತಿಲ್ಲದವರ ಗಾಡಿ ಹತ್ತೂದಿಲ್ಲ ಅಂತ ಭಾಳ ಹಟಾ ಹಿಡಿದಿದ್ರು. ಶಮಶೇರಸಾಬ್ರ ಕಳಿಸ್ಯಾರ ಅಂದ ಮ್ಯಾಲ ಹತ್ತಿದ್ರು ನೋಡ್ರಿ.”